ಮಡಚುವ ಕ್ಯಾಮೆರಾಕ್ಕೆ ಇನ್ನೂ ರೋಲ್ ಸಿಗುತ್ತದೆ

ಕೊಡಕ್ ಕಂಪನಿ 1901ರಲ್ಲಿ ‘ಬ್ರೌನಿ ನಂಬರ್ 2’ ಎಂಬ ರಟ್ಟಿನ ಡಬ್ಬಿ ಕ್ಯಾಮೆರಾವನ್ನು ಮಾರುಕಟ್ಟೆಗೆ ಬಿಟ್ಟಿತು. ಅದಕ್ಕೆಂದೇ ಹೊಸ ಅಳತೆಯ ಫಿಲ್ಮ್ ರೋಲೊಂದನ್ನೂ ತಂದಿತು. ಬೆನ್ನಿಗೆ ಕಾಗದ ಹೊದ್ದ, ಸುಮಾರು ಆರು ಸೆಂಟಿಮೀಟರ್ ಅಗಲದ ಆ ಫಿಲ್ಮಿಗೆ ಮುಂದೆ 120 ಎಂಬ ಸಂಖ್ಯೆ ಬಂತು. ಬ್ರೌನಿಯ ಕಾಲ ಮುಗಿದು ಎಷ್ಟೋ ವರ್ಷಗಳಾದವು. ಅದರ ಹಿಂದೆಮುಂದೆ ಬಂದ ಹತ್ತಾರು ಅಳತೆಯ ಫಿಲ್ಮುಗಳು ಒಂದೊಂದಾಗಿ ನಿಂತುಹೋದವು. 120 ಮಾತ್ರ ಇವತ್ತಿಗೂ ತಯಾರಾಗುತ್ತಿದೆ. ಇಲ್‌ಫೋರ್ಡ್ ಮಾಡುತ್ತದೆ, ಕೊಡಕ್ ಮಾಡುತ್ತದೆ, ಚೆಕ್ ದೇಶದ ಫೋಮಾ ಮಾಡುತ್ತದೆ.

ಹಳೆಯ ಫೋಲ್ಡಿಂಗ್ ಕ್ಯಾಮೆರಾಗಳನ್ನು ಕೂಡಿಡುವವರ ಭಾಗ್ಯವೆಲ್ಲ ಈ ಒಂದು ಸಂಗತಿಯ ಮೇಲೆ ನಿಂತಿದೆ. 1936ರಲ್ಲಿ ಜರ್ಮನಿಯಲ್ಲಿ ತಯಾರಾದ ಕ್ಯಾಮೆರಾವೊಂದಕ್ಕೆ ಈ ವಾರ ಕೊಂಡ ರೋಲನ್ನು ಹಾಕಿ ನಾಳೆ ಬೆಳಿಗ್ಗೆ ಫೋಟೊ ತೆಗೆಯಬಹುದು. ಅಡಾಪ್ಟರ್ ಬೇಡ, ಬ್ಯಾಟರಿಯಂತೂ ಬೇಡವೇ ಬೇಡ. ಹಾಗಾಗಿ ಇಂಥ ಕ್ಯಾಮೆರಾ ಗಾಜಿನ ಕಪಾಟು ಸೇರುವುದಕ್ಕೆ ನನ್ನ ಆಕ್ಷೇಪವಿದೆ. ಕೊಳ್ಳುವುದಾದರೆ ಬಳಸಲೆಂದೇ ಕೊಳ್ಳಬೇಕು. ಬಳಸಿದರೆ ಅದು ಉಳಿಯುತ್ತದೆ, ಸುಮ್ಮನಿಟ್ಟರೆ ಒಳಗಿನಿಂದಲೇ ಕೆಡುತ್ತದೆ. ಹೇಗೆಂದು ಮುಂದೆ ಹೇಳುತ್ತೇನೆ.

ಮಡಚಿದ ಸ್ಥಿತಿಯಲ್ಲಿ ಅದೊಂದು ಚಪ್ಪಟೆ ಲೋಹದ ಪೆಟ್ಟಿಗೆ. ಮೇಲೆ ಕಪ್ಪು ಚರ್ಮದ ಹೊದಿಕೆ, ಕೋಟಿನ ಜೇಬಿಗೆ ಹಿಡಿಸುವ ಗಾತ್ರ. ಮೇಲ್ಭಾಗದ ಸಣ್ಣ ಗುಂಡಿ ಒತ್ತಿದರೆ ಮುಂಬಾಗಿಲು ಕೆಳಗೆ ಬಿದ್ದು, ಅದರ ಹಿಂದೆಯೇ ಲೆನ್ಸು ಮುಂದಕ್ಕೆ ಬಂದು ಟಕ್ಕೆಂದು ನಿಲ್ಲುತ್ತದೆ. ಲೆನ್ಸಿಗೂ ಪೆಟ್ಟಿಗೆಗೂ ನಡುವೆ ಹಾರ್ಮೋನಿಯಂನ ತಿದಿಯಂತೆ ಮಡಿಕೆ ಮಡಿಕೆಯಾದ ಚರ್ಮದ ಕೊಳವೆ ಬಿಚ್ಚಿಕೊಳ್ಳುತ್ತದೆ. ಅದೇ ಬೆಲೋಸ್. ಅಕ್ಕಪಕ್ಕದ ಉಕ್ಕಿನ ತೋಳುಗಳು ಲೆನ್ಸನ್ನು ಅಲುಗದಂತೆ ಹಿಡಿದಿಡುತ್ತವೆ.

ಇಷ್ಟೆಲ್ಲ ಏರ್ಪಾಡು ಮಾಡಿ ಮಡಚಬೇಕಾದ ಅಗತ್ಯವಾದರೂ ಏನಿತ್ತು? ಆಗಿನ ಸಾಮಾನ್ಯ ಜನರ ಫೋಟೊ ನೆಗೆಟಿವ್ ಎಷ್ಟಿತ್ತೋ ಅಷ್ಟೇ ಇರುತ್ತಿತ್ತು. ನೆಗೆಟಿವನ್ನು ಫೋಟೊ ಕಾಗದದ ಮೇಲೆ ಒತ್ತಿಟ್ಟು ಬೆಳಕು ಬಿಟ್ಟು ಕಾಂಟ್ಯಾಕ್ಟ್ ಪ್ರಿಂಟ್ ತೆಗೆಯುತ್ತಿದ್ದರು. ಹಿಗ್ಗಿಸುವ ಯಂತ್ರ ಎಲ್ಲರ ಕೈಗೆ ಎಟುಕುತ್ತಿರಲಿಲ್ಲ. ಮುಖ ಗುರುತು ಹಿಡಿಯುವಂಥ ಫೋಟೊ ಬೇಕೆಂದರೆ ನೆಗೆಟಿವೇ ದೊಡ್ಡದಿರಬೇಕು. ನೆಗೆಟಿವ್ ದೊಡ್ಡದಾದಷ್ಟೂ ಲೆನ್ಸು ಫಿಲ್ಮಿನಿಂದ ದೂರ ನಿಲ್ಲಬೇಕು. 6×9 ಸೆಂಟಿಮೀಟರಿನ ನೆಗೆಟಿವಿಗೆ ಸಾಮಾನ್ಯವಾಗಿ 105 ಮಿಲಿಮೀಟರ್ ಲೆನ್ಸ್ ಹಾಕುತ್ತಿದ್ದರು. ಅಂದರೆ ಲೆನ್ಸಿನಿಂದ ಫಿಲ್ಮಿಗೆ ನಾಲ್ಕು ಅಂಗುಲಕ್ಕೂ ಹೆಚ್ಚು ಅಂತರ, ಅಷ್ಟೂ ಖಾಲಿ ಜಾಗ. ಡಬ್ಬಿ ಕ್ಯಾಮೆರಾ ಆ ಖಾಲಿ ಜಾಗವನ್ನು ಹೊತ್ತುಕೊಂಡೇ ತಿರುಗುತ್ತಿತ್ತು. ಫೋಲ್ಡಿಂಗ್ ಕ್ಯಾಮೆರಾ ಮಡಚುವುದು ಆ ಖಾಲಿ ಜಾಗವನ್ನೇ.

ಕೊಡಕ್‌ನ ‘ಫೋಲ್ಡಿಂಗ್ ಪಾಕೆಟ್’ ಕ್ಯಾಮೆರಾಗಳು ಬಂದದ್ದು 19ನೇ ಶತಮಾನದ ಕೊನೆಯ ವರ್ಷಗಳಲ್ಲಿ. ಆ ಕಾಲದ ಕೊಡಕ್‌ಗಳಲ್ಲಿ ಬೆಲೋಸ್ ಕೆಂಪು ಚರ್ಮದ್ದು, ಒಳಗಿನ ಚೌಕಟ್ಟು ಮರದ್ದು, ತಿರುಪುಗಳು ಹಿತ್ತಾಳೆಯವು. ನೋಡಲು ಬಹಳ ಚೆಂದ. 1903ರಲ್ಲಿ ಬಂದ ‘3ಎ’ ಮಾದರಿಯ ನೆಗೆಟಿವ್ ಅಂಚೆ ಕಾರ್ಡಿನ ಅಳತೆಯದು. ಅದರಿಂದ ತೆಗೆದ ಪ್ರಿಂಟಿನ ಹಿಂದೆ ವಿಳಾಸ ಬರೆದು ನೇರ ಅಂಚೆಗೆ ಹಾಕಬಹುದಿತ್ತು.

1912ರಲ್ಲಿ ಬಂದ ‘ವೆಸ್ಟ್ ಪಾಕೆಟ್ ಕೊಡಕ್’ ಈ ಎಲ್ಲವನ್ನೂ ಹಿಂದೆ ಹಾಕಿತು. ದಪ್ಪ ಒಂದೇ ಅಂಗುಲ, ಉದ್ದ ಐದು ಅಂಗುಲಕ್ಕೂ ಕಡಿಮೆ. ಇದಕ್ಕೆ ಬೀಳುವ ಬಾಗಿಲಿಲ್ಲ. ಲೆನ್ಸಿನ ಹಲಗೆಯನ್ನು ಹಿಡಿದೆಳೆದರೆ ಕತ್ತರಿಯಾಕಾರದ ತೋಳುಗಳು ಬಿಚ್ಚಿಕೊಳ್ಳುತ್ತಿದ್ದವು. ಎರಡು ವರ್ಷದಲ್ಲಿ ಮೊದಲ ಮಹಾಯುದ್ಧ ಶುರುವಾಯಿತು. ಕೊಡಕ್ ಅದನ್ನು ‘ಸೈನಿಕರ ಕ್ಯಾಮೆರಾ’ ಎಂದೇ ಜಾಹೀರಾತು ಮಾಡಿ ಮಾರಿತು. ಬ್ರಿಟಿಷ್ ಸೇನೆ ಸೈನಿಕರು ಕ್ಯಾಮೆರಾ ಇಟ್ಟುಕೊಳ್ಳುವುದನ್ನು ನಿಷೇಧಿಸಿದ ಮೇಲೂ ಜೇಬಿನಲ್ಲಿ ಅಡಗಿಸಿಕೊಂಡು ಹೋದವರಿದ್ದರು. ಕಂದಕಗಳ ಒಳಗಿನಿಂದ ಸೈನಿಕರೇ ತೆಗೆದ ಚಿತ್ರಗಳು ನಮಗೆ ಸಿಕ್ಕಿರುವುದರಲ್ಲಿ ಈ ಪುಟ್ಟ ಯಂತ್ರದ ಪಾಲು ದೊಡ್ಡದು.

1914ರಿಂದ ಕೊಡಕ್ ತನ್ನ ಫೋಲ್ಡಿಂಗ್ ಕ್ಯಾಮೆರಾಗಳಲ್ಲಿ ‘ಆಟೊಗ್ರಾಫಿಕ್’ ಎಂಬ ಅನುಕೂಲ ಸೇರಿಸಿತು. ಕ್ಯಾಮೆರಾದ ಬೆನ್ನಿನಲ್ಲಿ ಒಂದು ಕಿರುಬಾಗಿಲು, ಜೊತೆಗೊಂದು ಲೋಹದ ಕಡ್ಡಿ. ಚಿತ್ರ ತೆಗೆದ ಮೇಲೆ ಬಾಗಿಲು ಸರಿಸಿ, ಒಳಗಿನ ಕಾಗದದ ಮೇಲೆ ಕಡ್ಡಿಯಿಂದ ಊರು, ತಾರೀಕು ಗೀಚಿ ಕೆಲವು ಸೆಕೆಂಡ್ ಬೆಳಕಿಗೆ ಹಿಡಿದರೆ ಆ ಬರಹ ನೆಗೆಟಿವಿನ ಅಂಚಿನಲ್ಲಿ ಮೂಡುತ್ತಿತ್ತು. ಹೆನ್ರಿ ಗೈಸ್‌ಮನ್ ಎಂಬಾತನಿಂದ ಈ ಪೇಟೆಂಟನ್ನು ಜಾರ್ಜ್ ಈಸ್ಟ್‌ಮನ್ 3 ಲಕ್ಷ ಡಾಲರ್ ಕೊಟ್ಟು ಕೊಂಡಿದ್ದ. ಯಾರ ಫೋಟೊ, ಯಾವ ವರ್ಷದ್ದು ಎಂದು ಹಿಂದೆ ಬರೆದಿಡದೆ ಹೋದ ನೂರಾರು ಕುಟುಂಬಗಳ ಆಲ್ಬಂಗಳನ್ನು ನೆನೆದರೆ, ಇಷ್ಟು ಉಪಯುಕ್ತವಾದ ಅನುಕೂಲ 1930ರ ದಶಕದ ಆರಂಭದಲ್ಲೇ ನಿಂತುಹೋದದ್ದು ನಷ್ಟವೆಂದೇ ತೋರುತ್ತದೆ.

ವೆಸ್ಟ್ ಪಾಕೆಟ್ ಕೊಡಕ್ ಹೆಸರಿನ ಜೊತೆ ಎವರೆಸ್ಟ್ ಕಥೆಯೂ ಇದೆ. 1924ರ ಜೂನ್ 8ರಂದು ಜಾರ್ಜ್ ಮೆಲೊರಿ ಮತ್ತು ಆ್ಯಂಡ್ರ್ಯೂ ಅರ್ವಿನ್ ಶಿಖರದತ್ತ ಏರುತ್ತಿದ್ದಾಗ ಮೋಡದ ಮರೆಗೆ ಸರಿದವರು ಮತ್ತೆ ಕಾಣಲಿಲ್ಲ. ಅವರ ಬಳಿ ಇದ್ದದ್ದು ತಂಡದ ಇನ್ನೊಬ್ಬ ಆರೋಹಿ ಹೊವಾರ್ಡ್ ಸೊಮರ್ವೆಲ್ ಎರವಲು ಕೊಟ್ಟ ವೆಸ್ಟ್ ಪಾಕೆಟ್ ಕೊಡಕ್. (ಇದೇ ಸೊಮರ್ವೆಲ್ ತಿರುವಾಂಕೂರಿನ ನೆಯ್ಯೂರಿನಲ್ಲಿ ವೈದ್ಯನಾಗಿ ದಶಕಗಳ ಕಾಲ ದುಡಿದ.) 1999ರಲ್ಲಿ ಮೆಲೊರಿಯ ದೇಹ ಸಿಕ್ಕಿತು. 2024ರಲ್ಲಿ ಅರ್ವಿನ್‌ನದೆಂದು ಗುರುತಿಸಲಾದ ಪಾದ, ಬೂಟಿನ ಸಮೇತ ಹಿಮನದಿಯಲ್ಲಿ ಸಿಕ್ಕಿತು. ಕ್ಯಾಮೆರಾ ಸಿಕ್ಕಿಲ್ಲ. ಅವರಿಬ್ಬರೂ ತುದಿ ಮುಟ್ಟಿದ್ದರೇ ಎಂಬ ಪ್ರಶ್ನೆಗೆ ಉತ್ತರ ಆ ಪೆಟ್ಟಿಗೆಯ ಫಿಲ್ಮಿನಲ್ಲಿ ಇರಬಹುದೆಂದು ಪರ್ವತಾರೋಹಣದ ಇತಿಹಾಸಕಾರರು ಇಂದಿಗೂ ಹುಡುಕುತ್ತಿದ್ದಾರೆ. ಚಳಿಯಲ್ಲಿ ಹೆಪ್ಪುಗಟ್ಟಿದ ಫಿಲ್ಮಿನ ಮೇಲಿನ ಅಚ್ಚು ಅಳಿಯದೆ ಉಳಿದಿರುವ ಸಾಧ್ಯತೆ ಇದೆ ಎನ್ನುವುದೇ ಆ ಹುಡುಕಾಟಕ್ಕೆ ಆಧಾರ.

ಆದರೆ ಫೋಟೊದ ಗುಣಮಟ್ಟದ ದೃಷ್ಟಿಯಿಂದ ಫೋಲ್ಡಿಂಗ್ ಕ್ಯಾಮೆರಾದ ಒಳ್ಳೆಯ ಕಾಲ ಇನ್ನೂ ಮುಂದಿತ್ತು. ಅದು ಜರ್ಮನಿಯಲ್ಲಿ, ಎರಡು ಯುದ್ಧಗಳ ನಡುವೆ ಬಂತು. 1926ರಲ್ಲಿ ಇಕಾ, ಎರ್ನೆಮನ್, ಗೋಯರ್ಟ್ಸ್, ಕಾಂಟೆಸಾ-ನೆಟೆಲ್ ಎಂಬ ನಾಲ್ಕು ಕಂಪನಿಗಳು ಸೇರಿ ಡ್ರೆಸ್ಡನ್‌ನಲ್ಲಿ ಜೈಸ್ ಇಕಾನ್ ಆಯಿತು. ಜೇನಾದ ಜೈಸ್ ಕಾರ್ಖಾನೆಯಲ್ಲಿ ಪಾಲ್ ರುಡಾಲ್ಫ್ 1902ರಲ್ಲಿ ರೂಪಿಸಿದ್ದ ಟೆಸಾರ್ ಲೆನ್ಸ್ ಅದರ ಕೈಯಲ್ಲಿತ್ತು. ನಾಲ್ಕೇ ಗಾಜುಗಳಲ್ಲಿ ಅಂಥ ಸ್ಪಷ್ಟತೆ ಕೊಡುವ ಲೆನ್ಸ್ ಆಗ ಇನ್ನೊಂದಿರಲಿಲ್ಲ ಎಂದರೂ ಸಲ್ಲುತ್ತದೆ. ಶಟರ್ ಮ್ಯೂನಿಕ್‌ನ ಡೆಕೆಲ್ ಕಾರ್ಖಾನೆಯ ಕಾಂಪುರ್. ಗಡಿಯಾರದಂಥದೇ ಸೂಕ್ಷ್ಮ ಹಲ್ಲುಚಕ್ರಗಳಿಂದ ಒಂದು ಸೆಕೆಂಡಿನಿಂದ ಹಿಡಿದು 1/500 ಸೆಕೆಂಡಿನವರೆಗೆ ಕಾಲವನ್ನು ಅಳೆದು ಕೊಡುತ್ತಿತ್ತು.

1934ರಲ್ಲಿ ಜೈಸ್ ಇಕಾನ್ ‘ಸೂಪರ್ ಇಕೊಂಟಾ’ ತಂದಿತು. ಅದರಲ್ಲಿ ದೂರ ಅಳೆಯುವ ರೇಂಜ್‌ಫೈಂಡರ್ ಲೆನ್ಸಿಗೇ ಜೋಡಣೆಯಾಗಿತ್ತು. ಇದು ಸುಲಭದ ಕೆಲಸವಲ್ಲ. ಲೆನ್ಸಿರುವುದು ಮಡಚುವ ಬಾಗಿಲಿನ ಮೇಲೆ, ಕಣ್ಣಿಡುವ ಕಿಂಡಿಯಿರುವುದು ಪೆಟ್ಟಿಗೆಯ ಮೇಲೆ. ನಡುವೆ ಸನ್ನೆಕೋಲು ಹಾಕಿದರೆ ಮಡಚುವುದು ಕಷ್ಟ. ಜೈಸ್‌ನವರು ಲೆನ್ಸಿನ ಪಕ್ಕಕ್ಕೆ ಪುಟ್ಟ ತೋಳೊಂದನ್ನು ಇಟ್ಟು, ಅದರ ತುದಿಯಲ್ಲಿ ಒಂದಕ್ಕೊಂದು ಎದುರಾಗಿ ತಿರುಗುವ ಎರಡು ಬೆಣೆಗಾಜುಗಳನ್ನು ಕೂರಿಸಿದರು. ಫೋಕಸ್ ತಿರುಗಿಸಿದಂತೆ ಆ ಗಾಜುಗಳು ತಿರುಗಿ ಬೆಳಕಿನ ಕಿರಣವನ್ನು ಬಾಗಿಸುತ್ತವೆ. ಪೆಟ್ಟಿಗೆಯ ಕಿಂಡಿಯಲ್ಲಿ ಕಾಣುವ ಎರಡು ಬಿಂಬ ಒಂದಾದಾಗ ಫೋಕಸ್ ಸರಿಯಾಯಿತೆಂದು ಅರ್ಥ. ಎರಡು ಭಾಗಗಳ ನಡುವಿನ ಸಂಪರ್ಕ ಬೆಳಕಿನದು ಮಾತ್ರ. ಹಳೆಯ ಕ್ಯಾಮೆರಾಗಳಲ್ಲಿ ಇಷ್ಟು ಜಾಣತನದ ಪರಿಹಾರ ಕಡಿಮೆ.

ಯುದ್ಧ ಮುಗಿದ ಮೇಲೆ ಇದೇ ವಿನ್ಯಾಸ ರಷ್ಯಕ್ಕೆ ಹೋಯಿತು. ಮಾಸ್ಕೊ ಬಳಿಯ ಕ್ರಾಸ್ನೊಗೋರ್ಸ್ಕ್ ಕಾರ್ಖಾನೆಯಲ್ಲಿ 1946ರಿಂದ ‘ಮಾಸ್ಕ್ವಾ’ ಹೆಸರಿನಲ್ಲಿ ತಯಾರಾಯಿತು. 1956ರಿಂದ 1960ರವರೆಗೆ ಬಂದ ಮಾಸ್ಕ್ವಾ-5 ಈಗಲೂ ಕೈಗೆಟುಕುವ ಬೆಲೆಗೆ ಸಿಗುವ ಒಳ್ಳೆಯ 6×9 ಕ್ಯಾಮೆರಾ. ಫೊಯ್ಕ್‌ಟ್‌ಲೆಂಡರ್ ಕಂಪನಿಯ ಬೆಸ್ಸಾ, ಪರ್ಕಿಯೊ, ಅಗ್ಫಾದ ಇಸೊಲೆಟ್, ಇಂಗ್ಲೆಂಡಿನ ಎನ್ಸೈನ್ ಸೆಲ್ಫಿಕ್ಸ್, ಜಪಾನಿನ ಮಮಿಯಾ ಸಿಕ್ಸ್ ಎಲ್ಲವೂ ಒಂದೇ ಬಳಗದವು.

ಈ ಬಳಗಕ್ಕೆ ಪೆಟ್ಟು ಕೊಟ್ಟದ್ದು ಅದೇ ಮನೆತನದ ಇನ್ನೊಂದು ಮಡಚುವ ಕ್ಯಾಮೆರಾ. ಜೈಸ್ ಇಕಾನ್ ಬಿಟ್ಟು ಬಂದ ಆಗಸ್ಟ್ ನಾಗೆಲ್ ಸ್ಟುಟ್‌ಗಾರ್ಟ್‌ನಲ್ಲಿ ಸ್ವಂತ ಕಾರ್ಖಾನೆ ಕಟ್ಟಿದ. ಕೊಡಕ್ ಅದನ್ನು ಕೊಂಡಿತು. ಅಲ್ಲಿ 1934ರಲ್ಲಿ ರೆಟಿನಾ ತಯಾರಾಯಿತು, ಜೊತೆಗೆ 35 ಮಿಲಿಮೀಟರ್ ಫಿಲ್ಮಿನ ರೆಡಿಮೇಡ್ ಡಬ್ಬಿಯೂ ಬಂತು. ಹಗಲಲ್ಲೇ ಹಾಕಬಹುದಾದ, 36 ಚಿತ್ರಗಳ ಆ ಡಬ್ಬಿ ಫೋಟೊಗ್ರಫಿಯ ದಾರಿಯನ್ನೇ ತಿರುಗಿಸಿತು. ನೆಗೆಟಿವ್ ಚಿಕ್ಕದಾಯಿತು, ಲೆನ್ಸು ಹತ್ತಿರ ಬಂತು, ಮಡಚುವ ಅಗತ್ಯ ಹೋಯಿತು. 1960ರ ಹೊತ್ತಿಗೆ ಫೋಲ್ಡಿಂಗ್ ಕ್ಯಾಮೆರಾದ ಕಾಲ ಹೆಚ್ಚೂಕಡಿಮೆ ಮುಗಿದಿತ್ತು. 2009ರ ಸುಮಾರಿಗೆ ಫ್ಯೂಜಿ ಹೊಸದೊಂದು 120 ಫೋಲ್ಡಿಂಗ್ ಕ್ಯಾಮೆರಾ ತಂದು ಕೆಲವು ವರ್ಷ ಮಾರಿ ನಿಲ್ಲಿಸಿತು. ಅದಕ್ಕೆ ಈಗ ವಿಪರೀತ ಬೆಲೆ.

ನಮ್ಮಲ್ಲಿ ಹೆಚ್ಚಿನ ಮನೆಗಳಿಗೆ ಬಂದದ್ದು ಮಡಚದ ಕ್ಯಾಮೆರಾ. ಬರೋಡಾದಲ್ಲಿ ತಯಾರಾಗುತ್ತಿದ್ದ ‘ಅಗ್ಫಾ ಕ್ಲಿಕ್ 3’ ಅನ್ನು ಐವತ್ತು ದಾಟಿದ ಓದುಗರಲ್ಲಿ ಅನೇಕರು ಕಂಡಿರುತ್ತೀರಿ. ಅದಕ್ಕೂ ಇದೇ 120 ರೋಲು, ಹನ್ನೆರಡು ಚಿತ್ರ. ರೋಲು ಕೂಡ ಹತ್ತಿರದಲ್ಲೇ ತಯಾರಾಗುತ್ತಿತ್ತು. ಊಟಿಯಲ್ಲಿ 1960ರಲ್ಲಿ ಸ್ಥಾಪನೆಯಾದ ಹಿಂದೂಸ್ಥಾನ್ ಫೋಟೊ ಫಿಲ್ಮ್ಸ್ 1967ರಿಂದ ‘ಇಂದು’ ಹೆಸರಿನ ಫಿಲ್ಮ್ ಮಾಡುತ್ತಿತ್ತು. ಆ ಕಾರ್ಖಾನೆ ಮುಚ್ಚಿದೆ. ಈಗ ನಮಗೆ ಸಿಗುವ ರೋಲುಗಳೆಲ್ಲ ಹೊರದೇಶದವು, ಬೆಲೆಯೂ ಅದಕ್ಕೆ ತಕ್ಕಂತಿದೆ. ಹಾಗಾದರೂ ನಮ್ಮಲ್ಲಿ ಫೋಲ್ಡಿಂಗ್ ಕ್ಯಾಮೆರಾಗಳಿಗೆ ಬರವಿಲ್ಲ. ಹಳೆಯ ಸ್ಟುಡಿಯೊಗಳು, ವಕೀಲರು, ವೈದ್ಯರು, ಎಂಜಿನಿಯರುಗಳಿದ್ದ ಮನೆಗಳು, ಬೆಂಗಳೂರಿನ ಸಂಡೆ ಬಜಾರ್, ಆನ್‌ಲೈನ್ ಹರಾಜು ಇವೆಲ್ಲ ಅವು ಹೊರಬರುವ ಜಾಗಗಳು. ಕೊಳ್ಳುವ ಮೊದಲು ಒಳ್ಳೆಯ ಸಂಗ್ರಹವೊಂದನ್ನು ಕಣ್ಣಾರೆ ನೋಡಬೇಕೆನ್ನುವವರು ಗುರುಗ್ರಾಮದಲ್ಲಿ ಛಾಯಾಗ್ರಾಹಕ ಆದಿತ್ಯ ಆರ್ಯ ಕಟ್ಟಿದ ‘ಮ್ಯೂಸಿಯೊ ಕ್ಯಾಮೆರಾ’ ವಸ್ತುಸಂಗ್ರಹಾಲಯಕ್ಕೆ ಹೋಗಬಹುದು.

ಯಾವುದನ್ನು ಕೊಳ್ಳಬೇಕು? ಮೊದಲು ಫಿಲ್ಮಿನ ಅಳತೆ ಕೇಳಿ, ಆಮೇಲೆ ಹೆಸರು ಕೇಳಿ. ಅಂಚೆ ಕಾರ್ಡ್ ಅಳತೆಯ ಕೊಡಕ್‌ಗೆ ಬೇಕಾದ 122 ಫಿಲ್ಮ್ 1971ರಲ್ಲೇ ನಿಂತಿದೆ. 116, 616 ಎಂಬ ಅಳತೆಗಳು 1984ರಲ್ಲಿ ನಿಂತವು. ಇಂಥವು ಎಷ್ಟೇ ಸುಂದರವಾಗಿದ್ದರೂ ಹೊಸಬರಿಗೆ ಬೇಡ. 620 ಎಂದು ಬರೆದಿದ್ದರೆ ಹೆದರಬೇಕಿಲ್ಲ. ಅದು 120ರದೇ ಫಿಲ್ಮು, ಸುತ್ತುವ ಸ್ಪೂಲ್ ಮಾತ್ರ ಸಣ್ಣದು. ತನ್ನ ಕ್ಯಾಮೆರಾಕ್ಕೆ ತನ್ನದೇ ರೋಲು ಕೊಳ್ಳಲೆಂದು ಕೊಡಕ್ 1930ರ ದಶಕದ ಆರಂಭದಲ್ಲಿ ಮಾಡಿಕೊಂಡ ಏರ್ಪಾಡು ಅದು. ಹಳೆಯ 620 ಸ್ಪೂಲೆರಡು ಕೈಯಲ್ಲಿದ್ದರೆ, ಬೆಳಕು ನುಗ್ಗದ ಚೀಲದಲ್ಲಿ ಕೈಯಿಟ್ಟು 120 ಫಿಲ್ಮನ್ನು ಅದಕ್ಕೆ ಸುತ್ತಿಕೊಳ್ಳಬಹುದು.

ಒಂದು ರೋಲಿಗೆ 6×9 ಅಳತೆಯಲ್ಲಿ ಎಂಟು ಚಿತ್ರ, 6×6ರಲ್ಲಿ ಹನ್ನೆರಡು, 6×4.5ರಲ್ಲಿ ಹದಿನಾರು. ಮೊದಲ ಕ್ಯಾಮೆರಾ 6×6 ಆಗಿರಲಿ ಎನ್ನುವುದು ನನ್ನ ಸಲಹೆ. ಪೆಟ್ಟಿಗೆ ಚಿಕ್ಕದು, ತೋಳುಗಳು ಗಿಡ್ಡವಾದ್ದರಿಂದ ಲೆನ್ಸು ಓರೆಯಾಗುವ ತೊಂದರೆ ಕಡಿಮೆ. ಜೈಸ್ ಇಕಾನ್‌ನ ನೆಟಾರ್ ಅಥವಾ ಇಕೊಂಟಾ, ಪರ್ಕಿಯೊ, ಇಸೊಲೆಟ್ ಇವುಗಳಲ್ಲಿ ಯಾವುದಾದರೂ ಸರಿ. ಹೆಸರಿಗೆ ದುಡ್ಡು ಸುರಿಯುವ ಬದಲು ಬೆಲೋಸ್ ಗಟ್ಟಿಯಿರುವ ಸಾಧಾರಣ ಕ್ಯಾಮೆರಾ ಆರಿಸಿಕೊಳ್ಳಿ.

ಬೆಲೋಸ್ ಪರೀಕ್ಷೆ ಅಂಗಡಿಯಲ್ಲೇ ಮಾಡಬಹುದು. ಹಿಂಬಾಗಿಲು ತೆಗೆದು, ಕತ್ತಲ ಮೂಲೆಯಲ್ಲಿ ಮೊಬೈಲ್ ಟಾರ್ಚನ್ನು ಒಳಗಿನಿಂದ ಬೆಲೋಸ್ ಮೂಲೆಗಳಿಗೆ ಹಿಡಿಯಿರಿ. ಹೊರಗಿನಿಂದ ನೋಡುತ್ತ ಬೆಲೋಸನ್ನು ಮೆಲ್ಲಗೆ ಅತ್ತಿತ್ತ ಒತ್ತಿ. ತೂತಿದ್ದರೆ ಸೂಜಿಮೊನೆಯಷ್ಟು ಬೆಳಕು ಹೊಳೆಯುತ್ತದೆ. ಮಡಿಕೆಯ ಮೂಲೆಗಳೇ ಮೊದಲು ಸವೆಯುವುದು. ಜೈಸ್‌ನ ಚರ್ಮದ ಬೆಲೋಸ್ ಎಂಬತ್ತು ವರ್ಷದ ಮೇಲೂ ಗಟ್ಟಿಯಾಗಿರುವುದುಂಟು. ಅಗ್ಫಾದವರು ಯುದ್ಧಾನಂತರ ಕೃತಕ ಚರ್ಮ ಬಳಸಿದರು, ಅದರ ಮೂಲೆಗಳು ಒಡೆಯದೆ ಉಳಿದದ್ದು ಅಪರೂಪ. ಒಂದೆರಡು ತೂತಾದರೆ ಕಪ್ಪು ಬಟ್ಟೆ ಬಣ್ಣವನ್ನು ಫೆವಿಕಾಲ್‌ನಂಥ ಬಿಳಿ ಅಂಟಿನಲ್ಲಿ ಕಲಸಿ ತೆಳುವಾಗಿ ಹಚ್ಚಿ, ಬೆಲೋಸ್ ಬಿಚ್ಚಿಟ್ಟೇ ಪೂರ್ತಿ ಒಣಗಿಸಬೇಕು. ಹತ್ತಾರಾದರೆ ಬೆಲೋಸನ್ನೇ ಬದಲಿಸಬೇಕಾಗುತ್ತದೆ.

ಆಮೇಲೆ ಶಟರ್. ಒಂದು ಸೆಕೆಂಡಿಗೆ ಇಟ್ಟು, ಸಣ್ಣ ಸನ್ನೆಯನ್ನು ಎಳೆದು, ಗುಂಡಿ ಒತ್ತಿ. ಒಳಗೆ ಚಕ್ರಗಳು ಸುರ್ರೆಂದು ಓಡಿ ಎಲೆಗಳು ಮುಚ್ಚಬೇಕು. ನಡುವೆ ಸದ್ದು ತೊದಲಿದರೆ ಅಥವಾ ಎಲೆಗಳು ಅರ್ಧ ತೆರೆದೇ ನಿಂತರೆ ಒಳಗಿನ ಎಣ್ಣೆ ಒಣಗಿ ಅಂಟಾಗಿದೆ ಎಂದರ್ಥ. ಸುಮ್ಮನಿಟ್ಟ ಕ್ಯಾಮೆರಾ ಒಳಗಿನಿಂದ ಕೆಡುತ್ತದೆ ಎಂದದ್ದು ಇದನ್ನೇ. ಚಾಲನೆಯಲ್ಲಿರುವ ಶಟರ್ ಸರಾಗವಾಗಿರುತ್ತದೆ, ಇಪ್ಪತ್ತು ವರ್ಷ ಮಲಗಿದ ಶಟರ್ ಹಿಡಿದುಕೊಳ್ಳುತ್ತದೆ. ಬಹಳ ಸಲ ಅದು ಮುರಿದಿರುವುದಿಲ್ಲ, ಶುದ್ಧ ಮಾಡಿದರೆ ಸಾಕು. ಆದರೆ ಹೊಸಬರು ಒಳಗೆ ಎಣ್ಣೆ ಮಾತ್ರ ಬಿಡಬಾರದು. ಎಣ್ಣೆ ಎಲೆಗಳ ಮೇಲೆ ಹರಡಿ ಇನ್ನಷ್ಟು ಅಂಟುತ್ತದೆ. ಹಳೆಯ ಕಾಂಪುರ್‌ಗಳಲ್ಲಿ ಇನ್ನೊಂದು ಎಚ್ಚರ ಬೇಕು. ಅತಿ ವೇಗದ 1/500 ಬೇಕಿದ್ದರೆ ಸನ್ನೆ ಎಳೆಯುವ ಮೊದಲೇ ಇಟ್ಟುಕೊಳ್ಳಬೇಕು. ಎಳೆದ ಮೇಲೆ ತಿರುಗಿಸಿದರೆ ಒಳಗಿನ ಗಟ್ಟಿ ಸ್ಪ್ರಿಂಗಿಗೆ ಏಟು ಬೀಳುತ್ತದೆ.

ಇಸೊಲೆಟ್ ಕೈಗೆತ್ತಿಕೊಂಡವರಿಗೆ ಇನ್ನೊಂದು ಪರೀಕ್ಷೆ ಕಾದಿರುತ್ತದೆ. ಫೋಕಸ್ ಉಂಗುರ ತಿರುಗುವುದಿಲ್ಲ. ಅಗ್ಫಾ ಲೆನ್ಸಿನ ತಿರುಪು ಮರೆಗಳಿಗೆ ಹಾಕಿದ್ದ ಗ್ರೀಸು ದಶಕಗಳಲ್ಲಿ ಹಸಿರು ಮೇಣವಾಗಿ, ಕೊನೆಗೆ ಸಿಮೆಂಟಿನಷ್ಟು ಗಟ್ಟಿಯಾಗಿರುತ್ತದೆ. ಬಲ ಹಾಕಿದರೆ ಮುಂದಿನ ಎರಡು ಗಾಜುಗಳ ಹಿತ್ತಾಳೆ ಬಳೆಗಳು ಒಟ್ಟಿಗೇ ಬಿಚ್ಚಿಕೊಂಡು ಬರುತ್ತವೆ, ಅವೆರಡರ ನಡುವೆಯೇ ಬೆಸುಗೆ. ಮಾಡಬೇಕಾದದ್ದು ಇಷ್ಟು: ಬಳೆಯ ಅಂಚಿನಲ್ಲಿ ಒಂದೆರಡು ಹನಿ ಲೈಟರ್ ಪೆಟ್ರೋಲ್ ಬಿಟ್ಟು ರಾತ್ರಿಯಿಡೀ ನೆನೆಸಬೇಕು, ಬೆಳಿಗ್ಗೆ ಕೂದಲು ಒಣಗಿಸುವ ಡ್ರೈಯರ್‌ನಿಂದ ಮಿತವಾಗಿ ಕಾಯಿಸಬೇಕು, ಬೆರಳಿಗೆ ರಬ್ಬರ್ ಕೈಗವಸು ಹಾಕಿ ಒಂದಿಷ್ಟೇ ಒತ್ತಾಯದಿಂದ ತಿರುಗಿಸಬೇಕು. ಮೊದಲು ಕೂದಲೆಳೆಯಷ್ಟು ಕದಲುತ್ತದೆ. ಮತ್ತೆ ಹನಿ, ಮತ್ತೆ ಬಿಸಿ. ಬಿಚ್ಚಿದಾಗ ಮರೆಯ ತುಂಬ ಹಸಿರು ಪುಡಿ. ಅದನ್ನೆಲ್ಲ ಉಜ್ಜಿ ತೆಗೆದು ಹೊಸ ಗ್ರೀಸಿನ ತೆಳುಪದರ ಹಚ್ಚಿದರೆ ಉಂಗುರ ಒಂದೇ ಬೆರಳಿಗೆ ತಿರುಗುತ್ತದೆ. ಮರು ಜೋಡಿಸುವಾಗ ಹಿಂದೆ ಫಿಲ್ಮ್ ಕೂರುವ ಜಾಗಕ್ಕೆ ಮಸುಕು ಗಾಜು ಇಟ್ಟು, ಶಟರ್ ತೆರೆದಿಟ್ಟು, ದೂರದ ಮೊಬೈಲ್ ಟವರನ್ನೋ ನೀರಿನ ಟ್ಯಾಂಕನ್ನೋ ಭೂತಗನ್ನಡಿಯಲ್ಲಿ ನೋಡುತ್ತ ಅದು ಸ್ಪಷ್ಟವಾಗುವ ಜಾಗಕ್ಕೆ ಅನಂತದ ಗುರುತನ್ನು ಕೂಡಿಸಬೇಕು. ಇದನ್ನು ಮಾಡದೆ ಬಿಟ್ಟರೆ ತೆಗೆದ ಚಿತ್ರಗಳೆಲ್ಲ ಮಂಜು.

ಲೆನ್ಸಿನ ಮೇಲಿನ ಸಣ್ಣ ಗೀರುಗಳಿಗೆ ತಲೆ ಕೆಡಿಸಿಕೊಳ್ಳಬೇಡಿ. ಬೂಷ್ಟು ಮಾತ್ರ ಬೇಡ. ನಮ್ಮ ಹವೆಯಲ್ಲಿ, ಅದರಲ್ಲೂ ಕರಾವಳಿ ಮತ್ತು ಮಲೆನಾಡಿನಲ್ಲಿ, ಮಳೆಗಾಲದ ಮೂರು ತಿಂಗಳು ಸಾಕು ಗಾಜಿನ ಮೇಲೆ ಜೇಡನ ಬಲೆಯಂಥ ಎಳೆಗಳು ಹಬ್ಬಲು. ಚೆಂದದ ಚರ್ಮದ ಕೇಸಿನಲ್ಲಿಟ್ಟು ಬೀರುವಿಗೆ ಸೇರಿಸುವುದೇ ದೊಡ್ಡ ಅಪಾಯ, ಚರ್ಮ ತೇವವನ್ನು ಹಿಡಿದಿಡುತ್ತದೆ. ಗಾಳಿಯಾಡದ ಡಬ್ಬಿಯಲ್ಲಿ ಸಿಲಿಕಾ ಜೆಲ್ ಪೊಟ್ಟಣಗಳ ಜೊತೆ ಇಡಿ. ತಿಂಗಳಿಗೊಮ್ಮೆ ತೆಗೆದು, ಎಲ್ಲ ವೇಗಗಳಲ್ಲೂ ಶಟರ್ ಓಡಿಸಿ, ಬೆಳಕು ಗಾಳಿ ಕಾಣಿಸಿ. ಎಳೆದ ಸ್ಥಿತಿಯಲ್ಲಿ ಶಟರ್ ಬಿಟ್ಟು ಇಡಬೇಡಿ.

ಇನ್ನು ಫೋಟೊ ತೆಗೆಯುವ ಕೆಲಸ. ಹಿಂಬದಿಯಲ್ಲಿರುವ ಕೆಂಪು ಕಿಟಕಿಯಿಂದ ನೋಡುತ್ತ ಗುಂಡಿ ತಿರುಗಿಸುವಾಗ, ಫಿಲ್ಮಿನ ಬೆನ್ನ ಕಾಗದದ ಮೇಲಿನ ಅಂಕಿಗಳು ಒಂದೊಂದಾಗಿ ಬರುತ್ತವೆ. ಅದೇ ನಿಮ್ಮ ಲೆಕ್ಕ. ಹಳೆಯ ಫಿಲ್ಮುಗಳಿಗೆ ಕೆಂಪು ಬೆಳಕು ತಾಗುತ್ತಿರಲಿಲ್ಲವಾದ್ದರಿಂದ ಕಿಟಕಿ ಕೆಂಪು. ಇಂದಿನ ಫಿಲ್ಮುಗಳಿಗೆ ಕೆಂಪೂ ತಾಗುತ್ತದೆ. ಆದ್ದರಿಂದ ನೆರಳಿನಲ್ಲಿ ನಿಂತು ತಿರುಗಿಸಿ, ಕೂಡಲೇ ಕಿಟಕಿ ಮುಚ್ಚಿ. ಮುಚ್ಚಳವಿಲ್ಲದ ಕ್ಯಾಮೆರಾ ಆದರೆ ಕಪ್ಪು ಟೇಪ್ ಅಂಟಿಸಿ.

ಒಂದು ಗುಟ್ಟು ಹೇಳುತ್ತೇನೆ. ಮೊದಲು ಕ್ಯಾಮೆರಾ ತೆರೆಯಿರಿ, ಆಮೇಲೆ ಫಿಲ್ಮ್ ಮುಂದಕ್ಕೆ ಸುತ್ತಿ. ಬೆಲೋಸ್ ಫಕ್ಕನೆ ಹಿಗ್ಗಿದಾಗ ಗಾಳಿಯನ್ನು ಎಳೆದುಕೊಳ್ಳುತ್ತದೆ, ಆ ಸೆಳೆತಕ್ಕೆ ಫಿಲ್ಮು ಉಬ್ಬಿ ತನ್ನ ಜಾಗ ಬಿಡುತ್ತದೆ. ತೆರೆದ ಮೇಲೆ ಸುತ್ತಿದರೆ ಅದು ಬಿಗಿಯಾಗಿ ಸಮತಲಕ್ಕೆ ಬರುತ್ತದೆ. ಬಾಗಿಲನ್ನು ಬೆರಳಿನಿಂದ ತಡೆದು ನಿಧಾನವಾಗಿ ಬಿಡುವುದೂ ಒಳ್ಳೆಯದು. ‘ಇದರ ಚಿತ್ರ ಸ್ಪಷ್ಟವಿಲ್ಲ’ ಎಂದು ಲೆನ್ಸಿನ ಮೇಲೆ ಹೊರಿಸುವ ಎಷ್ಟೋ ದೂರುಗಳ ಮೂಲ ಈ ಉಬ್ಬಿದ ಫಿಲ್ಮು.

ಬೆಳಕಿನ ಲೆಕ್ಕಕ್ಕೆ ಮೀಟರ್ ಇಲ್ಲದಿದ್ದರೂ ನಡೆಯುತ್ತದೆ. ಐಎಸ್‌ಒ 100ರ ಫಿಲ್ಮ್ ಹಾಕಿ, ನಿಚ್ಚಳ ಬಿಸಿಲಿನಲ್ಲಿ ಅಪರ್ಚರ್ ಎಫ್ 16, ಶಟರ್ 1/100. ತೆಳು ಮೋಡವಿದ್ದರೆ ಎಫ್ 11, ಮೋಡ ಕವಿದರೆ ಎಫ್ 8, ಮರದ ನೆರಳಿಗೆ ಎಫ್ 5.6 ಅಥವಾ 4. ಅಗ್ಗದ ಶಟರ್‌ಗಳ ಗರಿಷ್ಠ ವೇಗ 1/200. ಅವುಗಳಲ್ಲಿ 400ರ ಫಿಲ್ಮ್ ಬಿಸಿಲಿಗೆ ಜಾಸ್ತಿಯಾಗಬಹುದು, 100 ಅಥವಾ 125ರದು ಸರಿ.

ರೇಂಜ್‌ಫೈಂಡರ್ ಇಲ್ಲದವುಗಳಲ್ಲಿ ದೂರವನ್ನು ಕಣ್ಣಂದಾಜಿನಲ್ಲಿ ಇಡಬೇಕು. ಇದು ಕಷ್ಟವೆಂದು ತೋರುತ್ತದೆ, ಆದರೆ ತಯಾರಕರು ಅದಕ್ಕೊಂದು ಉಪಾಯ ಮಾಡಿದ್ದರು. ಜೈಸ್ ಇಕಾನ್‌ನ ಅನೇಕ ಕ್ಯಾಮೆರಾಗಳಲ್ಲಿ ದೂರದ ಉಂಗುರದ ಮೇಲೊಂದು, ಅಪರ್ಚರ್ ಪಟ್ಟಿಯ ಮೇಲೊಂದು ಕೆಂಪು ಚುಕ್ಕೆ ಇರುತ್ತದೆ. ಎರಡನ್ನೂ ಚುಕ್ಕೆಗೆ ಇಟ್ಟರೆ ಕೆಲವು ಮೀಟರಿನಿಂದ ಅನಂತದವರೆಗೆ ಎಲ್ಲ ಸ್ಪಷ್ಟ. ಲೆಕ್ಕ ಹಾಕಿ ನೋಡಬಹುದು. 75 ಮಿಲಿಮೀಟರ್ ಲೆನ್ಸನ್ನು ಎಫ್ 11ರಲ್ಲಿ 10 ಮೀಟರಿಗೆ ಇಟ್ಟರೆ ಸುಮಾರು 5 ಮೀಟರಿನಿಂದಾಚೆಯದೆಲ್ಲ ಫೋಕಸ್‌ನಲ್ಲಿ ಬರುತ್ತದೆ. ರಥಬೀದಿ, ಸಂತೆ, ದೇವಸ್ಥಾನದ ಪ್ರಾಂಗಣ, ಕೆರೆ ಏರಿ ಎಲ್ಲಕ್ಕೂ ಅಷ್ಟು ಸಾಕು. ಹತ್ತಿರದ ಮುಖ ತೆಗೆಯುವಾಗ ಮಾತ್ರ ಟೇಪು ಹಿಡಿದು ಅಳೆಯಬೇಕು. 105 ಮಿಲಿಮೀಟರ್ ಲೆನ್ಸನ್ನು ಎಫ್ 3.5ರಲ್ಲಿ ಪೂರ್ತಿ ತೆರೆದು ಒಂದೂವರೆ ಮೀಟರ್ ದೂರದ ಮುಖಕ್ಕೆ ಹಿಡಿದರೆ ಸ್ಪಷ್ಟವಾಗಿ ಬರುವ ಆಳ ಹತ್ತು ಸೆಂಟಿಮೀಟರ್ ಮಾತ್ರ. ಕಣ್ಣು ಸ್ಪಷ್ಟ, ಕಿವಿ ಮಸುಕು. ಅಂಥ ಚಿತ್ರದಲ್ಲಿ ಮುಖ ಹಿನ್ನೆಲೆಯಿಂದ ಬಿಡಿಸಿಕೊಂಡು ಮುಂದೆ ನಿಲ್ಲುತ್ತದೆ.

ಇದಕ್ಕೆ ಕಾರಣ ನೆಗೆಟಿವಿನ ಗಾತ್ರ. 35 ಮಿಲಿಮೀಟರ್ ಫಿಲ್ಮಿನ ಒಂದು ಚಿತ್ರಕ್ಕೆ ಹೋಲಿಸಿದರೆ 6×6 ನೆಗೆಟಿವಿನ ವಿಸ್ತೀರ್ಣ ಮೂರೂವರೆ ಪಟ್ಟಿಗಿಂತ ಹೆಚ್ಚು, 6×9ರದು ಐದು ಪಟ್ಟು ಮೀರುತ್ತದೆ. ಟೆಸಾರ್ ಲೆನ್ಸಿನ ಸ್ವಸ್ಥ ಇಕೊಂಟಾದಿಂದ ತೆಗೆದ ನೆಗೆಟಿವನ್ನು ಗೋಡೆಗೆ ಹಾಕುವಷ್ಟು ದೊಡ್ಡದು ಮಾಡಿದರೂ ಸೀರೆಯ ನೇಯ್ಗೆ, ಕಲ್ಲಿನ ಉಳಿಗುರುತು ಉಳಿದಿರುತ್ತವೆ. ಹಳೆಯ ಲೇಪನವಿಲ್ಲದ ಗಾಜು ಎದುರು ಬಿಸಿಲಿಗೆ ಮಬ್ಬಾಗುವುದು ನಿಜ. ಸೂರ್ಯನಿಗೆ ಬೆನ್ನು ಹಾಕಿ ನಿಂತರೆ, ಅಥವಾ ಕೈಯಿಂದ ಲೆನ್ಸಿಗೆ ನೆರಳು ಮಾಡಿದರೆ ಆಯಿತು. ಕಪ್ಪು ಬಿಳುಪು ಫಿಲ್ಮನ್ನು ಮನೆಯ ಬಚ್ಚಲಲ್ಲೇ ತೊಳೆಯಬಹುದು. ಒಂದು ಡೆವಲಪಿಂಗ್ ಟ್ಯಾಂಕ್, ಡಿ-76 ಪುಡಿ, ಹೈಪೊ, ಥರ್ಮಾಮೀಟರ್ ಸಾಕು.

ಸಂಗ್ರಹಕ್ಕೆ ಇಳಿಯುವವರಿಗೆ ಇನ್ನೊಂದು ಮಾತು. ಹಿತ್ತಾಳೆಗೆ ಪಾಲಿಶ್ ಹಾಕಬೇಡಿ, ಸವೆದ ಕಪ್ಪು ಬಣ್ಣಕ್ಕೆ ಹೊಸ ಬಣ್ಣ ಬಳಿಯಬೇಡಿ. ತುಕ್ಕು ತಡೆಯುವುದು, ತೂತು ಮುಚ್ಚುವುದು, ಅಂಟು ಬಿಡಿಸುವುದು ರಿಪೇರಿ. ಅದರಾಚೆ ಹೋದರೆ ಬಳಸಿದವರ ಕೈಗುರುತು ಅಳಿಯುತ್ತದೆ. ಯಾರದಿತ್ತು, ಯಾವ ಊರಿನಿಂದ ಬಂತು ಎಂಬುದನ್ನು ಚೀಟಿಯಲ್ಲಿ ಬರೆದು ಜೊತೆಗಿಡಿ. ಸಾಲುಗಟ್ಟಲೆ ಕ್ಯಾಮೆರಾ ಇಟ್ಟುಕೊಂಡು ಒಂದನ್ನೂ ತೆರೆಯದವರಿಗಿಂತ, ನಾಲ್ಕೇ ಇಟ್ಟುಕೊಂಡು ನಾಲ್ಕರಲ್ಲೂ ವರ್ಷಕ್ಕೊಂದು ರೋಲು ಓಡಿಸುವವರೇ ನಿಜವಾದ ಸಂಗ್ರಾಹಕರು.

ನಿಮ್ಮ ಮನೆಯ ಅಟ್ಟದಲ್ಲೋ ಅಜ್ಜನ ಟ್ರಂಕಿನಲ್ಲೋ ಇಂಥದೊಂದು ಕ್ಯಾಮೆರಾ ಇದ್ದರೆ ಕುತೂಹಲಕ್ಕೆ ಹಿಂಬಾಗಿಲು ತೆರೆಯಬೇಡಿ. ಮೊದಲು ಮಂದ ಬೆಳಕಿನಲ್ಲಿ ಕೆಂಪು ಕಿಟಕಿ ನೋಡಿ. ಅಲ್ಲಿ ಕಾಗದವೋ ಅಂಕಿಯೋ ಕಂಡರೆ ಒಳಗೆ ರೋಲು ಇದೆ. ಬಹುಶಃ ಅರ್ಧ ತೆಗೆದು ಬಿಟ್ಟದ್ದು. ಸುತ್ತುವ ಗುಂಡಿಯನ್ನು ನಿಧಾನವಾಗಿ, ಕಾಗದ ಪೂರ್ತಿ ಮುಗಿದು ಹಗುರಾಗುವವರೆಗೆ ತಿರುಗಿಸಿ. ಆಮೇಲೆ ಕತ್ತಲಲ್ಲಿ ತೆಗೆದು, ಕಾಗದ ಸಡಿಲಾಗದಂತೆ ರಬ್ಬರ್ ಬ್ಯಾಂಡ್ ಹಾಕಿ, ಕಪ್ಪು ಪ್ಲಾಸ್ಟಿಕ್‌ನಲ್ಲಿ ಸುತ್ತಿ, ಹಳೆಯ ಫಿಲ್ಮ್ ತೊಳೆದು ಅನುಭವವಿರುವವರ ಕೈಗೆ ಕೊಡಿ. ಎಷ್ಟು ಹಳೆಯದು ಎಂದು ಅಂದಾಜಿದ್ದರೆ ಅದನ್ನೂ ಹೇಳಿ. ಗುಂಡಿ ತಿರುಗದಿದ್ದರೆ ಬಲ ಹಾಕದೆ ಕ್ಯಾಮೆರಾ ಸಮೇತ ಒಯ್ಯಿರಿ. ನಲವತ್ತು–ಐವತ್ತು ವರ್ಷ ಹಿಂದೆ ಬೆಳಕು ಕಂಡ ಕಪ್ಪು ಬಿಳುಪು ಫಿಲ್ಮಿನಿಂದಲೂ ಚಿತ್ರ ಹೊರಬಂದದ್ದಿದೆ.